ನಗಿಸುವವನ ಬಗ್ಗೆ ಬರೆದಿದ್ದೀರಿ, ನಗು ಎಲ್ಲಿ?

ಪ್ರಿಯರೇ,

ನೀವು ಕಳಿಸಿದ ‘ಹಾಸ್ಯಲೋಕದ ಧ್ರುವತಾರೆ ಆಲ್ಬರ್ತೊ ಒಲ್ಮೇದೊ’ ಲೇಖನವನ್ನು ಎರಡು ಸಲ ಓದಿದೆ. ಒಂಬತ್ತು ಪುಟ. ಈಗ ಇರುವ ಹಾಗೆ ಹಾಕಲು ಆಗುವುದಿಲ್ಲ. ಇದನ್ನು ಮೊದಲೇ ಹೇಳಿಬಿಟ್ಟರೆ ಒಳ್ಳೆಯದು, ಇಲ್ಲದಿದ್ದರೆ ಕೊನೆ ಸಾಲಿನ ತನಕ ‘ಆದರೆ’ ಎಲ್ಲಿದೆ ಅಂತ ಹುಡುಕುತ್ತಾ ಓದುತ್ತೀರಿ. ಹಾಗಂತ ‘ವಿಷಾದದಿಂದ ಹಿಂತಿರುಗಿಸಲಾಗಿದೆ’ ಅಂತ ಎರಡು ಸಾಲು ಬರೆದು ಕೈತೊಳೆದುಕೊಳ್ಳುವ ಮನಸ್ಸೂ ಇಲ್ಲ. ಅರ್ಜೆಂಟೀನಾದ ಟಿವಿ ಹಾಸ್ಯನಟನ ಬಗ್ಗೆ ಕನ್ನಡದಲ್ಲಿ ಬರೆಯಬೇಕು ಅಂತ ಯಾರಿಗೆ ಹೊಳೆಯುತ್ತದೆ ಹೇಳಿ? ನಿಮಗೆ ಹೊಳೆದಿದೆ. ಅದಕ್ಕೇ ಇಷ್ಟುದ್ದ ಪತ್ರ.

ಮೊದಲ ಸಾಲಿನಿಂದಲೇ ಶುರು ಮಾಡೋಣ. ‘24 ಆಗಸ್ಟ್ 1933ರಂದು ರೊಸಾರಿಯೊ ನಗರದ ಬಡ ಕುಟುಂಬವೊಂದರಲ್ಲಿ ಜನಿಸಿದ ಶ್ರೀಯುತರು ಮುಂದೆ ಹಾಸ್ಯಲೋಕದ ಧ್ರುವತಾರೆಯಾಗಿ ಮಿನುಗಿದರು.’ ತಾರೀಖು ಸರಿ, ಊರು ಸರಿ. ಮಿಕ್ಕಿದ್ದು ಸನ್ಮಾನಪತ್ರ. ಈ ಸಾಲಿನಲ್ಲಿ ಒಲ್ಮೇದೊ ಹೆಸರು ತೆಗೆದು ಯಾವ ನಟನ ಹೆಸರು ಹಾಕಿದರೂ ನಡೆಯುತ್ತದೆ, ಅಲ್ವಾ? ಆ ‘ಶ್ರೀಯುತರು’ ಅಂತೂ ಖಂಡಿತ ಬೇಡ. ಅಲ್ಲಿನ ಜನ ಅವನನ್ನು ಕರೆಯುತ್ತಿದ್ದದ್ದು ‘ಎಲ್ ನೇಗ್ರೊ’ ಅಂತ. ನಮ್ಮೂರುಗಳಲ್ಲಿ ಮನೆಯವರನ್ನೇ ಕರಿಯ, ಕೆಂಚ ಅಂತ ಸಲುಗೆಯಿಂದ ಕರೆಯುವುದಿಲ್ಲವೇ, ಹಾಗೆ. ಇಡೀ ದೇಶವೇ ಹೀಗೆ ಕರೆದವನಿಗೆ ನೀವು ಶಾಲು ಹೊದಿಸಿ ಕೂರಿಸಿದ್ದೀರಿ.

ಆಮೇಲೆ ರೊಸಾರಿಯೊ ಮೆಸ್ಸಿ ಹುಟ್ಟಿದ ಊರು, ಚೆ ಗೆವಾರ ಹುಟ್ಟಿದ ಊರು ಅಂತ ಅರ್ಧ ಪುಟ. ಒಂದು ವಾಕ್ಯ ಸಾಕು. ಮೆಸ್ಸಿ ಬೇಕೇ ಬೇಕು ಅಂದರೆ ನಿಮ್ಮ ಟಿಪ್ಪಣಿಯಲ್ಲೇ ಒಂದು ದಾರಿ ಇದೆ: ಮೆಸ್ಸಿ ಹುಡುಗನಾಗಿ ಆಡಿದ ನ್ಯೂವೆಲ್ಸ್ ಓಲ್ಡ್ ಬಾಯ್ಸ್ ಕ್ಲಬ್ಬಿನ ಜಿಮ್ನಾಸ್ಟಿಕ್ ತಂಡದಲ್ಲಿ ಒಲ್ಮೇದೊ ಲಾಗ ಹಾಕುತ್ತಿದ್ದ. ಇದನ್ನು ಬರೆದರೆ ಊರೂ ಬಂತು, ಮೆಸ್ಸಿಯೂ ಬಂದ, ಅವನ ಮೈ ಯಾಕೆ ಅಷ್ಟು ಹಗುರ ಅನ್ನುವುದೂ ಬಂತು.

ಟಿಪ್ಪಣಿಯ ಮಾತು ಬಂತಲ್ಲ, ನನ್ನ ದೊಡ್ಡ ತಕರಾರು ಅದೇ. ಲೇಖನದ ಜೊತೆ ‘ನಿಮ್ಮ ಮಾಹಿತಿಗಾಗಿ’ ಅಂತ ಮೂರು ಹಾಳೆ ಲಗತ್ತಿಸಿದ್ದೀರಿ. ಒಳ್ಳೆಯದೆಲ್ಲ ಅಲ್ಲೇ ಉಳಿದಿದೆ. ಲೇಖನಕ್ಕೆ ಬರುವಷ್ಟರಲ್ಲಿ ಅದೆಲ್ಲ ಇಸ್ತ್ರಿ ಮಾಡಿಸಿಕೊಂಡು ಬಂದಿದೆ.

ಒಂದು ಉದಾಹರಣೆ. ಲೇಖನದಲ್ಲಿ ‘ಹದಿಹರೆಯದಲ್ಲೇ ರಂಗಭೂಮಿಯ ಸೇವೆಗೆ ತೊಡಗಿದರು’ ಅಂದಿದ್ದೀರಿ. ಟಿಪ್ಪಣಿಯಲ್ಲಿ ಏನಿದೆ? ತರಕಾರಿ ಅಂಗಡಿಯಲ್ಲಿ ಚಾಕರಿ ಮಾಡಿ ಬೆಳೆದ ಹುಡುಗ ರೊಸಾರಿಯೊದ ‘ಲಾ ಕೊಮೆದಿಯಾ’ ಥಿಯೇಟರಿನ ‘ಕ್ಲಾಕ್’ ಗುಂಪಿಗೆ ಸೇರಿದ ಅಂತ. ಕ್ಲಾಕ್ ಅಂದರೆ ಚಪ್ಪಾಳೆ ತಟ್ಟುವುದಕ್ಕೆ ಅಂತಲೇ ಪ್ರೇಕ್ಷಕರ ನಡುವೆ ಕೂರಿಸುವವರು. ಸರಿಯಾದ ಜಾಗದಲ್ಲಿ ನಗಬೇಕು, ಸರಿಯಾದ ಜಾಗದಲ್ಲಿ ತಟ್ಟಬೇಕು. ಮುಂದೆ ದೇಶವನ್ನೇ ನಗಿಸಿದವನ ಮೊದಲ ಕೆಲಸ ಬೇರೆಯವರ ಆಟಕ್ಕೆ ನಗುವುದು! ಇದು ಸಿಕ್ಕಿದ ಮೇಲೂ ‘ರಂಗಭೂಮಿಯ ಸೇವೆ’ ಅಂತ ಬರೆಯುವ ಧೈರ್ಯ ಎಲ್ಲಿಂದ ಬಂತು?

ಇದಕ್ಕಿಂತ ದೊಡ್ಡದನ್ನೂ ಬಿಟ್ಟಿದ್ದೀರಿ. ‘1955ರಲ್ಲಿ ದೂರದರ್ಶನ ಕ್ಷೇತ್ರ ಪ್ರವೇಶಿಸಿದರು’ ಅನ್ನುವುದು ನಿಮ್ಮ ಸಾಲು. ಯಾವ ಬಾಗಿಲಿಂದ ಪ್ರವೇಶಿಸಿದ ಅನ್ನುವುದೇ ಕಥೆ ಅಲ್ವಾ? ನಾನಾಗಿದ್ದರೆ ಲೇಖನವನ್ನು ಅಲ್ಲಿಂದಲೇ ಶುರು ಮಾಡುತ್ತಿದ್ದೆ. ಸುಮ್ನೆ ಬರೆದು ನೋಡಿದೆ:

‘1955. ಬ್ಯೂನಸ್ ಐರಿಸ್, ಚಾನೆಲ್ ಏಳು. ಆಗ ಆ ದೇಶದಲ್ಲಿದ್ದದ್ದು ಅದೊಂದೇ ಚಾನೆಲ್. ರೊಸಾರಿಯೊದಿಂದ ಬಂದ, ಇಪ್ಪತ್ತೆರಡೂ ತುಂಬದ ಹುಡುಗನೊಬ್ಬ ಸ್ವಿಚರ್ ಮುಂದೆ ಕೂತಿದ್ದಾನೆ. ಯಾವ ಕ್ಯಾಮೆರಾದ ಚಿತ್ರ ಜನರ ಮನೆಗೆ ಹೋಗಬೇಕೋ ಆ ಗುಂಡಿ ಒತ್ತುವುದು ಅವನ ಕೆಲಸ. ವರ್ಷದ ಕೊನೆಯಲ್ಲಿ ಚಾನೆಲ್ಲಿನವರದ್ದೇ ಒಂದು ಪಾರ್ಟಿ. ಹುಡುಗ ಎದ್ದು ನಿಂತು ಬಾಯಿಗೆ ಬಂದದ್ದು ಹೇಳಿ, ಮಾಡಿ, ಎಲ್ಲರನ್ನೂ ನಗಿಸುತ್ತಾನೆ. ನಕ್ಕವರಲ್ಲಿ ಯಜಮಾನರೂ ಇದ್ದರು. ಹುಡುಗ ಕ್ಯಾಮೆರಾದ ಆಚೆ ಬದಿಯಿಂದ ಈಚೆ ಬದಿಗೆ ಬಂದ.’

ನನ್ನದೇ ಇಟ್ಟುಕೊಳ್ಳಿ ಅಂತಲ್ಲ, ನಿಮ್ಮ ಮಾತಿನಲ್ಲಿ ಬರೆಯಿರಿ. ಆದರೆ ಇದನ್ನು ಹಿಡಿದುಕೊಂಡರೆ ಮುಂದಿನದೆಲ್ಲ ತಾನಾಗಿ ದಾರಕ್ಕೆ ಬೀಳುತ್ತದೆ. ಒಲ್ಮೇದೊ ಕೊನೆವರೆಗೂ ಕ್ಯಾಮೆರಾ ಇರುವುದನ್ನು ಮರೆತವನಲ್ಲ, ನೋಡುವವರಿಗೆ ಮರೆಯಲು ಬಿಟ್ಟವನೂ ಅಲ್ಲ. ಸ್ಕೆಚ್, ಅಂದರೆ ಪುಟ್ಟ ಹಾಸ್ಯಪ್ರಸಂಗ, ನಡೆಯುತ್ತಿರುವಾಗಲೇ ಕ್ಯಾಮೆರಾಮನ್ ಜೊತೆ ಮಾತಿಗೆ ನಿಲ್ಲುತ್ತಿದ್ದ. ಸೆಟ್ಟಿನ ಗೋಡೆ ನಿಜವಾದ ಗೋಡೆಯಲ್ಲ ಅಂತ ತೋರಿಸಿಬಿಡುತ್ತಿದ್ದ. ಬರೆದುಕೊಟ್ಟ ಮಾತು ಬಿಟ್ಟು ಇನ್ನೇನೋ ಹೇಳಿ ಎದುರಿನ ನಟರಿಗೆ ನಗು ತಡೆಯಲಾಗದಂತೆ ಮಾಡುತ್ತಿದ್ದ. ಬೇರೆ ಕಾರ್ಯಕ್ರಮಗಳಲ್ಲಿ ಕತ್ತರಿಸಿ ಬಿಸಾಕುವ ತಪ್ಪುಗಳೇ ಇವನ ಕಾರ್ಯಕ್ರಮದ ಜೀವ. ನೀವು ಇದನ್ನೆಲ್ಲ ‘ಅವರದ್ದು ಸಹಜ ಅಭಿನಯ’ ಅಂತ ಮೂರು ಪದದಲ್ಲಿ ಮುಗಿಸಿದ್ದೀರಿ.

ಅವನ ದೊಡ್ಡ ಕಾರ್ಯಕ್ರಮದ ಹೆಸರೂ ಇಲ್ಲೇ ಬಂದು ಕೂರುತ್ತದೆ. 1981ರಿಂದ 1987ರವರೆಗೆ ಬಂದ ‘ನೊ ತೊಕಾ ಬೊತೊನ್’. ಅದನ್ನು ನೀವು ‘ಸ್ಪರ್ಶರಹಿತ ಗುಂಡಿ’ ಅಂತ ಅನುವಾದಿಸಿದ್ದೀರಿ. ಓದಿ ನಾನು ನಕ್ಕಿದ್ದು ಆ ಒಂದು ಕಡೆ ಮಾತ್ರ, ಕ್ಷಮಿಸಿ. ಅದು ಬೇಕಂತಲೇ ಮುರಿದ ಸ್ಪ್ಯಾನಿಷ್. ಭಾಷೆ ಸರಿಯಾಗಿ ಬಾರದವರು ‘ಗುಂಡಿ ಮುಟ್ಟಲ್ಲ ನೀನು’ ಅನ್ನುತ್ತಾರಲ್ಲ, ಆ ಥರ. ಚಾನೆಲ್ ಬದಲಾಯಿಸಬೇಡ ಮಾರಾಯ ಅಂತ ಅರ್ಥ. ಗುಂಡಿ ಒತ್ತುವ ಕೆಲಸದಿಂದ ಬಂದವನ ಕಾರ್ಯಕ್ರಮಕ್ಕೆ ಗುಂಡಿಯದ್ದೇ ಹೆಸರು. ನೀವು ಕೈಯಲ್ಲಿ ಹಿಡಿದಿದ್ದೀರಿ, ನೋಡಿಲ್ಲ.

ಪಾತ್ರಗಳ ವಿಷಯಕ್ಕೆ ಬರೋಣ. ನೀವು ಹದಿನಾಲ್ಕು ಹೆಸರು ಸಾಲಾಗಿ ಕೊಟ್ಟಿದ್ದೀರಿ. ರುಕುಕು, ಮಾನೊಸಾಂತಾ, ರೊಹೆಲಿಯೊ ರೊಲ್ದಾನ್, ಚಿಕೀತೊ ರೆಯೆಸ್... ಮದುವೆ ಕರೆಯೋಲೆಯಲ್ಲಿ ‘ಸುಖಾಗಮನ ಬಯಸುವವರು’ ಪಟ್ಟಿ ಓದಿದ ಹಾಗಾಯಿತು. ಮೂರು ಇಟ್ಟುಕೊಳ್ಳಿ, ಸಾಕು.

ಒಂದು, ಕ್ಯಾಪ್ಟನ್ ಪಿಲುಸೊ. 1960ರಲ್ಲಿ ಶುರುವಾದ ಮಕ್ಕಳ ಕಾರ್ಯಕ್ರಮ, ಜೊತೆಗೆ ಕೊಕೀತೊ ಆಗಿ ಉಂಬೆರ್ತೊ ಒರ್ತಿಸ್. ಕುತ್ತಿಗೆಯಲ್ಲಿ ಚಾಟರ್‌ಬಿಲ್ಲು, ತಲೆ ಮೇಲೆ ಅಂಚು ಕೆಳಗೆ ಬಾಗಿದ ಬಟ್ಟೆಯ ಟೋಪಿ. ಸಂಜೆ ಶಾಲೆಯಿಂದ ಬಂದ ಮಕ್ಕಳು ಹಾಲು ಕುಡಿಯುವ ಹೊತ್ತಿಗೆ ಬರುತ್ತಿತ್ತು, ಕಾರ್ಯಕ್ರಮದಲ್ಲೂ ಹಾಲು ಕುಡಿಯಲು ಕರೆಯುತ್ತಿದ್ದರು. ‘ಮಕ್ಕಳ ಅಚ್ಚುಮೆಚ್ಚು’ ಅಂತ ನೀವು ಬರೆದದ್ದರಿಂದ ನನಗೇನೂ ಕಾಣಲಿಲ್ಲ. ಅರ್ಜೆಂಟೀನಾದಲ್ಲಿ ಇವತ್ತಿಗೂ ಆ ಬಗೆಯ ಟೋಪಿಗೆ ಅಂಗಡಿಯಲ್ಲಿ ‘ಪಿಲುಸೊ’ ಅಂತಲೇ ಕೇಳುತ್ತಾರೆ ಅಂತ ಬರೆಯಿರಿ, ಕಾಣುತ್ತದೆ. ಅವನನ್ನು ನೋಡೇ ಇಲ್ಲದ ಹುಡುಗರು ಅವನ ಪಾತ್ರದ ಹೆಸರನ್ನು ತಲೆ ಮೇಲೆ ಹೊತ್ತು ಓಡಾಡುತ್ತಿದ್ದಾರೆ.

ಎರಡು, ಕೋಸ್ಟಾ ಪೋಬ್ರೆಯ ಸರ್ವಾಧಿಕಾರಿ. ಕೋಸ್ಟಾ ರಿಕಾ ಅಂದರೆ ಸಿರಿವಂತ ತೀರ, ಇವನ ಕಾಲ್ಪನಿಕ ದೇಶ ಬಡ ತೀರ. ಇದನ್ನು ಅರ್ಧ ಸಾಲಿನಲ್ಲಿ ಬಿಡಿಸಿ ಹೇಳದಿದ್ದರೆ ನಮ್ಮ ಓದುಗರಿಗೆ ತಮಾಷೆ ತಲುಪುವುದೇ ಇಲ್ಲ. ನೀವು ಹೇಳಿಲ್ಲ.

ಮೂರು, ಬೊರ್ಹೆಸ್ ಮತ್ತು ಆಲ್ವಾರೆಸ್. ಇದಕ್ಕೆ ಒಂದು ಪೂರ್ತಿ ಪುಟ ಕೊಡಿ. ನನಗೆ ಸ್ಪ್ಯಾನಿಷ್ ಬರುವುದು ಅಷ್ಟಕ್ಕಷ್ಟೆ. ಆದರೂ ಮೊನ್ನೆ ರಾತ್ರಿ ಇದರ ತುಣುಕುಗಳನ್ನು ಹಾಕಿಕೊಂಡು ಕೂತೆ. ಒಂದು ಸೋಫಾ, ಇಬ್ಬರು ಗಂಡಸರು, ಮಾತು, ಅಷ್ಟೆ. ಕಥೆ ಅನ್ನುವಂಥದ್ದು ಏನೂ ಇಲ್ಲ. ಒಲ್ಮೇದೊ ಏನೋ ಹೇಳಿ ಕಣ್ಣಂಚಿನಲ್ಲಿ ಕ್ಯಾಮೆರಾ ಕಡೆ ನೋಡುತ್ತಾನೆ. ಪಕ್ಕದಲ್ಲಿ ಹಾವಿಯೆರ್ ಪೊರ್ತಾಲೆಸ್ ತುಟಿ ಬಿಗಿ ಹಿಡಿದು ಮುಖ ಆಚೆ ತಿರುಗಿಸುತ್ತಾನೆ. ನಗಬಾರದು ಅಂತ ಒದ್ದಾಡುವವನನ್ನು ನೋಡಿ ನನಗೆ ನಗು. ಒಳಗಿಂದ ಮನೆಯವರು ‘ಏನು ಅರ್ಥವಾಯಿತು ಅಂತ ನಗ್ತಿದ್ದೀರಿ’ ಅಂತ ಕೇಳಿದರು. ಹೇಳಲು ಗೊತ್ತಾಗಲಿಲ್ಲ. ಅದನ್ನು ನೀವು ಹೇಳಬೇಕು, ಭಾಷೆ ಕಲಿತವರು ನೀವು. ಪೊರ್ತಾಲೆಸ್‌ನ ನಿಜವಾದ ಹೆಸರು ಮಿಗೆಲ್ ಆಂಹೆಲ್ ಆಲ್ವಾರೆಸ್ ಅನ್ನುವುದು ನಿಮ್ಮ ಟಿಪ್ಪಣಿಯಲ್ಲಿದೆ. ಬೊರ್ಹೆಸ್ ಅನ್ನುವ ಇನ್ನೊಂದು ಹೆಸರು ಕೇಳಿದ ಕೂಡಲೇ ಓದುಗರಿಗೆ ದೊಡ್ಡ ಸಾಹಿತಿ ಹೊರ್ಹೆ ಲೂಯಿಸ್ ಬೊರ್ಹೆಸ್ ನೆನಪಾಗುತ್ತಾರೆ. ಒಬ್ಬನಿಗೆ ತನ್ನದೇ ಹೆಸರು, ಇನ್ನೊಬ್ಬನಿಗೆ ದೇಶದ ಮಹಾ ಲೇಖಕನ ಹೆಸರು, ಇಬ್ಬರೂ ಸೋಫಾ ಮೇಲೆ ಹರಟೆ. ಇಲ್ಲಿ ಬರೆಯಲು ಎಷ್ಟಿದೆ ನೋಡಿ. ನಿಮ್ಮ ಒಂಬತ್ತು ಪುಟದಲ್ಲಿ ಪೊರ್ತಾಲೆಸ್ ಹೆಸರು ಬರುವುದು ಒಂದೇ ಸಲ, ಅದೂ ‘ಮುಂತಾದ ಸಹಕಲಾವಿದರು’ ಅನ್ನುವ ಕಡೆ. ಇವತ್ತು ಬ್ಯೂನಸ್ ಐರಿಸ್‌ನ ಕೊರಿಯೆಂತೆಸ್ ಬೀದಿಯಲ್ಲಿ ಅವರಿಬ್ಬರೂ ಅಕ್ಕಪಕ್ಕ ಕೂತ ಪ್ರತಿಮೆ ಇದೆ. ಊರಿನವರು ಒಬ್ಬನನ್ನೇ ಕೂರಿಸಲಿಲ್ಲ.

ಈಗ ನನಗೆ ಸಿಟ್ಟು ಬಂದ ಜಾಗ. ‘ಎಪ್ಪತ್ತರ ದಶಕದ ಮಧ್ಯದಲ್ಲಿ ಕಾರಣಾಂತರಗಳಿಂದ ಕೆಲಕಾಲ ಕಿರುತೆರೆಯಿಂದ ದೂರ ಉಳಿದರು.’ ಕಾರಣಾಂತರ! 24 ಮಾರ್ಚ್ 1976ರಂದು ಸೇನೆ ಅಧಿಕಾರ ಹಿಡಿಯಿತು. ಅದಾಗಿ ಹೆಚ್ಚು ದಿನ ಕಳೆದಿರಲಿಲ್ಲ. ಒಲ್ಮೇದೊನ ‘ಎಲ್ ಚುಪೇತೆ’ ಕಾರ್ಯಕ್ರಮ ಒಂದು ಗಂಭೀರ ಪ್ರಕಟಣೆಯಿಂದ ಶುರುವಾಯಿತು: ಆಲ್ಬರ್ತೊ ಒಲ್ಮೇದೊ ಅವರ ‘ಭೌತಿಕ ಕಣ್ಮರೆ’. ನಾವು ‘ನಮ್ಮನ್ನಗಲಿದರು’ ಅಂತೀವಲ್ಲ, ಸ್ಪ್ಯಾನಿಷ್‌ನಲ್ಲಿ ಸಾವಿಗೆ ಹಾಗೊಂದು ಮಾತು. ಜನ ನಂಬಿ ಗಾಬರಿಯಾದರು. ಆಮೇಲೆ ಅವನೇ ನಗುತ್ತಾ ಬಂದ. ಆಳುವವರು ನಗಲಿಲ್ಲ. ಕಾರ್ಯಕ್ರಮ ನಿಂತಿತು, ಸುಮಾರು ಎರಡು ವರ್ಷ ಅವನಿಗೆ ಟಿವಿ ಇಲ್ಲ. ಆ ಹೊತ್ತಿಗೆ ಆ ದೇಶದಲ್ಲಿ ಜನರನ್ನು ಮನೆಯಿಂದ ಎತ್ತಿಕೊಂಡು ಹೋಗುತ್ತಿದ್ದರು, ಅವರು ಕಣ್ಮರೆಯಾಗುತ್ತಿದ್ದರು. 1984ರಲ್ಲಿ ವರದಿ ಕೊಟ್ಟ ತನಿಖಾ ಆಯೋಗ ಅಂಥ 8,961 ಪ್ರಕರಣ ದಾಖಲಿಸಿತು. ಮಾನವಹಕ್ಕು ಸಂಘಟನೆಗಳು ಹೇಳುವುದು 30,000.

ಜೀವನಪೂರ್ತಿ ‘ಇದೆಲ್ಲ ನಾಟಕ, ನೋಡಿ, ಗೋಡೆ ರಟ್ಟಿನದ್ದು’ ಅಂತ ತೋರಿಸಿದವನು ಒಂದು ಸಲ ತಳ್ಳಿದಾಗ ಗೋಡೆಯ ಹಿಂದೆ ನಿಜ ಇತ್ತು. ನಿಮ್ಮ ಲೇಖನದ ನಟ್ಟನಡುವೆ ಇರಬೇಕಾದದ್ದು ಇದು. ಒಂದು ಎಚ್ಚರಿಕೆ: ಅವನನ್ನು ಕ್ರಾಂತಿಕಾರಿ ಮಾಡಲು ಹೋಗಬೇಡಿ. ಅದು ಪ್ರತಿಭಟನೆ ಆಗಿರಲಿಲ್ಲ, ಜನರನ್ನು ಹಿಡಿದು ಕೂರಿಸುವ ಗಿಮಿಕ್ಕು. ಟಿವಿ ಇಲ್ಲದ ಆ ದಿನಗಳಲ್ಲೂ ಅವನು ಸಿನಿಮಾ ಮಾಡುತ್ತಲೇ ಇದ್ದ. ಇದ್ದದ್ದು ಇದ್ದಂತೆ ಬರೆಯಿರಿ, ಓದುಗರಿಗೆ ಮೈ ಜುಮ್ಮನ್ನುತ್ತದೆ.

ಇನ್ನೊಬ್ಬ ಹಾಸ್ಯನಟ ಹೊರ್ಹೆ ಪೊರ್ಸೆಲ್ ಜೊತೆಗಿನ ಸಿನಿಮಾಗಳಿಗೆ ಎರಡು ಪುಟ ಜಾಸ್ತಿ ಆಯಿತು. ಜನ ಮುಗಿಬಿದ್ದು ನೋಡಿದರು, ಹೆಚ್ಚಿನವು ಒಂದೇ ಅಚ್ಚಿನವು. ಅಷ್ಟು ಸಾಕು. ಆದರೆ ಅಲ್ಲೂ ಟಿವಿಯಲ್ಲೂ ಹೆಣ್ಣುಮಕ್ಕಳನ್ನು ತೋರಿಸಿದ ರೀತಿಯ ಬಗ್ಗೆ ನೀವು ಉಸಿರೇ ಎತ್ತಿಲ್ಲ. ಮಾನೊಸಾಂತಾ ಅಂದರೆ ಮಂತ್ರ ಹಾಕಿ ವಾಸಿ ಮಾಡುತ್ತೇನೆ ಅನ್ನುವ ಢೋಂಗಿ. ಅವನ ಎದುರು ನಟಿ ಆದ್ರಿಯಾನಾ ಬ್ರೊದ್ಸ್ಕಿ ತುಂಡುಬಟ್ಟೆಯಲ್ಲಿ ಪೆದ್ದಿಯ ಹಾಗೆ ನಿಲ್ಲಬೇಕಿತ್ತು. ಇವತ್ತು ನೋಡಿದರೆ ಮುಜುಗರವಾಗುತ್ತದೆ, ನನಗಾಯಿತು. ಅಲ್ಲಿಯೂ ಈಗ ಈ ಬಗ್ಗೆ ಜಗಳ ಇದೆ. ಮುಚ್ಚಿಟ್ಟರೆ ನಿಮ್ಮ ಹೊಗಳಿಕೆಯನ್ನೂ ಯಾರೂ ನಂಬುವುದಿಲ್ಲ.

‘ಅರ್ಜೆಂಟೀನಾದ ನರಸಿಂಹರಾಜು’ ಅನ್ನುವುದನ್ನು ತೆಗೆಯಿರಿ. ನರಸಿಂಹರಾಜು ಸಿನಿಮಾದವರು, ನಾಟಕ ಕಂಪನಿಯಲ್ಲಿ ಪಳಗಿದವರು. ಇವನ ಕಸುಬೇ ಬೇರೆ. ಓದುಗರ ತಲೆಯಲ್ಲಿ ನರಸಿಂಹರಾಜು ಮುಖ ಕೂತುಬಿಟ್ಟರೆ ಒಲ್ಮೇದೊಗೆ ಜಾಗ ಎಲ್ಲಿ?

ಕೊನೆಗೆ ಸಾವು. ಒಂಬತ್ತರಲ್ಲಿ ಮೂರೂವರೆ ಪುಟ! ಕುಡಿದಿದ್ದನೇ, ಜಗಳವೇ, ಯಾರು ಏನಂದರು, ಬೆರಳ ಗುರುತು ಎಲ್ಲಿ ಸಿಕ್ಕಿತು... ಪತ್ತೇದಾರಿ ಧಾರಾವಾಹಿ ಬರೆಯುವ ಆಸೆ ಇದ್ದರೆ ಬೇರೆ ಬರೆಯಿರಿ. 5 ಮಾರ್ಚ್ 1988. ಮಾರ್ ದೆಲ್ ಪ್ಲಾತಾ, ಬೇಸಿಗೆಯಲ್ಲಿ ಜನರ ಜೊತೆ ನಾಟಕಗಳೂ ಹೋಗುವ ಕಡಲೂರು. ನಾಟಕದ ಸೀಸನ್‌ಗೆ ಹೋಗಿದ್ದವನು ಹನ್ನೊಂದನೇ ಮಹಡಿಯ ಬಾಲ್ಕನಿಯಿಂದ ಬಿದ್ದು ತೀರಿಕೊಂಡ. 54 ವರ್ಷ. ಮುಗಿಯಿತು. ಮಿಕ್ಕಿದ್ದು ಆ ಮನೆಯವರದ್ದು. ಒಮ್ಮೆ ಅವನ ಸಾವಿನ ಸುಳ್ಳು ಸುದ್ದಿ ಕೇಳಿದ್ದ ಜನ ಅವತ್ತು ನಿಜವಾದದ್ದು ಕೇಳಿದರು ಅಂತ ಒಂದು ಸಾಲು ಸೇರಿಸಬಹುದು. ಒಂದೇ ಸಾಲು.

ನಿಮ್ಮ ಭಾಷೆಯ ಬಗ್ಗೆಯೂ ಹೇಳಬೇಕು. ಟಿಪ್ಪಣಿಯಲ್ಲಿ ಚೆನ್ನಾಗಿ ಬರೆಯುತ್ತೀರಿ. ‘ಇವನ ಮುಖ ನೋಡಿದ್ರೆ ಈಗಷ್ಟೇ ಏನೋ ಕದ್ದು ಬಂದವನ ಥರ’ ಅಂತ ಅಂಚಿನಲ್ಲಿ ಗೀಚಿದ್ದೀರಿ. ಇಡೀ ಕಂತೆಯಲ್ಲಿ ನನಗೆ ಅವನು ಕಣ್ಣಿಗೆ ಕಂಡದ್ದು ಆ ಸಾಲಿನಲ್ಲಿ. ಅದು ಲೇಖನದೊಳಗೆ ಯಾಕಿಲ್ಲ?

ನಾಲ್ಕು ಪುಟಕ್ಕೆ ಇಳಿಸಿ ಮುಂದಿನ ತಿಂಗಳ 20ರೊಳಗೆ ಕಳಿಸಿ. ಹೆಸರುಗಳನ್ನು ಇಂಗ್ಲಿಷಿನಂತೆ ಬರೆಯಬೇಡಿ, ‘ಜಾರ್ಜ್’ ಅಲ್ಲ ಹೊರ್ಹೆ. ಕ್ಯಾಪ್ಟನ್ ಪಿಲುಸೊ ಟೋಪಿ ಹಾಕಿಕೊಂಡಿರುವ ಚಿತ್ರ ಸಿಕ್ಕರೆ ಒಳ್ಳೆಯದು, ಬಳಸಲು ಅನುಮತಿ ಇದೆಯೇ ಅಂತ ನೋಡಿಕೊಂಡು ಕಳಿಸಿ. ಆ ಮೂರು ಟಿಪ್ಪಣಿ ಹಾಳೆಗಳನ್ನು ಈ ಪತ್ರದ ಜೊತೆ ವಾಪಸ್ ಇಟ್ಟಿದ್ದೇನೆ. ಬೇಕಾದ ಕಡೆ ಕೆಂಪು ಗೆರೆ ಎಳೆದಿದ್ದೇನೆ. ಲೇಖನದ ಪ್ರತಿ ನನ್ನ ಹತ್ತಿರವೇ ಇರಲಿ. ಅದನ್ನು ನೋಡಿಕೊಂಡು ತಿದ್ದಲು ಕೂರಬೇಡಿ.

ನಿಮ್ಮ,
ಸಂಪಾದಕ