ಕಿರುತೆರೆಗೆ ಕೊಟ್ಟ ಎರಡು ಸಾಲು

ಕೊಪ್ಪದಿಂದ ನಿವೃತ್ತ ಶಿಕ್ಷಕಿಯೊಬ್ಬರು ನಾಲ್ಕು ಪುಟಗಳ ಪತ್ರ ಬರೆದಿದ್ದಾರೆ. ಕಳೆದ ಸಂಚಿಕೆಯಲ್ಲಿ ಶಂಕರ್ ನಾಗ್ ಅವರನ್ನು ಕುರಿತು ನಾವು ಪ್ರಕಟಿಸಿದ ಲೇಖನ ಅವರಿಗೆ ಬೇಸರ ತಂದಿದೆ. ಚಲನಚಿತ್ರಗಳಿಗೆ ಒಂದೂವರೆ ಪುಟ ಕೊಟ್ಟವರು ‘ಮಾಲ್ಗುಡಿ ಡೇಸ್’ ಧಾರಾವಾಹಿಗೆ ಎರಡೇ ಸಾಲು ಕೊಟ್ಟಿದ್ದೀರಿ, ಅದರಲ್ಲೂ ‘ಚಿತ್ರಗಳ ನಡುವಿನ ಬಿಡುವಿನಲ್ಲಿ’ ಎಂದು ಬರೆದಿದ್ದೀರಿ, ಅದು ಬಿಡುವಿನಲ್ಲಿ ಮಾಡುವ ಕೆಲಸವೇ ಎಂಬುದು ಅವರ ಮೊದಲ ಪ್ರಶ್ನೆ. ಎರಡನೆಯದು ಅವರ ಮನೆಯ ವಿಚಾರ. ಚಿಕ್ಕಮಗಳೂರಿನಲ್ಲಿ ಪದವಿ ಮುಗಿಸಿದ ಮೊಮ್ಮಗನಿಗೆ ಬೆಂಗಳೂರಿನ ಧಾರಾವಾಹಿ ತಂಡವೊಂದರಲ್ಲಿ ಸಹಾಯಕ ನಿರ್ದೇಶಕನ ಕೆಲಸ ಸಿಕ್ಕಿದೆಯಂತೆ. ಹೋಗುವುದಾದರೆ ಸಿನಿಮಾಕ್ಕೆ ಹೋಗಲಿ, ಸೀರಿಯಲ್ಲಿಗೆ ಹೋದವನು ಅಲ್ಲೇ ಕೊಳೆಯುತ್ತಾನೆ ಎಂದು ಮನೆಯವರು ತಡೆಯುತ್ತಿದ್ದಾರೆ, ನೀವೇನು ಹೇಳುತ್ತೀರಿ ಎಂದು ಕೇಳಿದ್ದಾರೆ.

ಮಾನ್ಯರೇ,

ತಮ್ಮ ಮೊದಲ ಆಕ್ಷೇಪವನ್ನು ತಕರಾರಿಲ್ಲದೆ ಒಪ್ಪಿಕೊಳ್ಳುತ್ತೇನೆ. ಆ ಎರಡು ಸಾಲು ಲೇಖಕರದಲ್ಲ, ನನ್ನದು. ಪುಟದಲ್ಲಿ ಜಾಗ ಸಾಲದೆ ಲೇಖನವನ್ನು ಮೊಟಕು ಮಾಡಬೇಕಾಗಿ ಬಂದಾಗ ಕೈ ನೇರವಾಗಿ ಹೋದದ್ದು ಕಿರುತೆರೆಯ ಮೂರು ಪ್ಯಾರಾಗಳ ಮೇಲೆ. ‘ಮಿಂಚಿನ ಓಟ’ವನ್ನು ಬಿಡಲು ಮನಸ್ಸು ಬರಲಿಲ್ಲ, ‘ಗೀತಾ’ವನ್ನು ಬಿಟ್ಟರೆ ಓದುಗರು ಸುಮ್ಮನಿರುವುದಿಲ್ಲ, ‘ಆಕ್ಸಿಡೆಂಟ್’ಗಂತೂ ರಾಷ್ಟ್ರ ಪ್ರಶಸ್ತಿ ಬಂದಿದೆ, ಹಾಗಾಗಿ ಟೀವಿಯದನ್ನು ತೆಗೆದರಾಯಿತು ಎಂದುಕೊಂಡೆ. ಸಿನಿಮಾ ಎಂದರೆ ನಡುಮನೆ, ಟೀವಿ ಎಂದರೆ ಹಿತ್ತಿಲು ಎಂಬ ಎಣಿಕೆ ನನ್ನ ತಲೆಯಲ್ಲೂ ಬೇರೂರಿತ್ತು ಎಂಬುದು ತಮ್ಮ ಪತ್ರ ಓದಿದ ಮೇಲೆ ತಿಳಿಯಿತು.

1980ರಲ್ಲಿ ‘ಮಿಂಚಿನ ಓಟ’ದಿಂದ ನಿರ್ದೇಶನ ಆರಂಭಿಸಿದ ಶಂಕರ್ ನಾಗ್, ಮರುವರ್ಷ ‘ಗೀತಾ’ ಮಾಡಿದರು, 1983ರಲ್ಲಿ ‘ಹೊಸ ತೀರ್ಪು’ ಮಾಡಿದರು, ಆಮೇಲೆ ಸಿರಿವಂತರ ಮಗನ ಕಾರು ರಸ್ತೆ ಬದಿಯಲ್ಲಿ ಮಲಗಿದ್ದವರ ಮೇಲೆ ಹರಿಯುವ ‘ಆಕ್ಸಿಡೆಂಟ್’ ಮಾಡಿದರು. ಕಳ್ಳರ ಕಥೆ, ಪ್ರೇಮಕಥೆ, ಅಪರಾಧವನ್ನು ಮುಚ್ಚಿಹಾಕುವವರ ಕಥೆ, ಒಂದು ಇನ್ನೊಂದರಂತಿಲ್ಲ. ಇಷ್ಟರ ನಡುವೆ ನಾಯಕನಟನಾಗಿ ವರ್ಷಕ್ಕೆ ಹಲವು ಚಿತ್ರಗಳಲ್ಲಿ ದುಡಿಯುತ್ತಿದ್ದರು, ರಂಗಭೂಮಿಯನ್ನೂ ಬಿಟ್ಟಿರಲಿಲ್ಲ. ಇಂಥ ಹೊತ್ತಿನಲ್ಲಿ ಅವರು ಕೈಗೆತ್ತಿಕೊಂಡದ್ದು 1986ರಲ್ಲಿ ದೂರದರ್ಶನದಲ್ಲಿ ಪ್ರಸಾರ ಆರಂಭಿಸಿದ ‘ಮಾಲ್ಗುಡಿ ಡೇಸ್’. ಟಿ. ಎಸ್. ನರಸಿಂಹನ್ ನಿರ್ಮಾಪಕರು, ಎಲ್. ವೈದ್ಯನಾಥನ್ ಸಂಗೀತ, ಆರ್. ಕೆ. ಲಕ್ಷ್ಮಣರ ರೇಖಾಚಿತ್ರಗಳು. ಶಂಕರ್ ನಾಗ್ ನಿರ್ದೇಶಿಸಿದ್ದು 39 ಕಂತುಗಳು. ಬಿಡುವಿನಲ್ಲಿ ಆಗುವ ಲೆಕ್ಕವಲ್ಲ ಅದು.

ಆರ್. ಕೆ. ನಾರಾಯಣರ ಮಾಲ್ಗುಡಿ ಎಲ್ಲಿಯೂ ಇಲ್ಲದ ಊರು. ಪುಸ್ತಕದಲ್ಲಿ ಅದು ಬಿಸಿಲಿನ ಊರು, ನದಿಯ ದಂಡೆಯ ಮರಳಿನ ಮೇಲೆ ಸಂಜೆ ಹೊತ್ತು ಜನ ಸೇರುವ ಊರು. ನಿರ್ದೇಶಕರು ಅದನ್ನು ಕಟ್ಟಲು ಆರಿಸಿಕೊಂಡದ್ದು ವರ್ಷಕ್ಕೆ 7000 ಮಿಲಿಮೀಟರ್ ಮೀರಿ ಮಳೆ ಹೊಯ್ಯುವ ಆಗುಂಬೆಯನ್ನು. ನೋಡಿದವರಿಗೆ ಇದು ವಿಚಿತ್ರವೆನಿಸಲಿಲ್ಲ ಎನ್ನುವುದೇ ವಿಚಿತ್ರ. ಇನ್ನೊಂದನ್ನು ಗಮನಿಸಿ: ಮಾಲ್ಗುಡಿಗೆ ರೈಲು ನಿಲ್ದಾಣ ಬೇಕೇ ಬೇಕು, ಅದಿಲ್ಲದೆ ನಾರಾಯಣರ ಅರ್ಧ ಕಥೆಗಳು ನಡೆಯುವುದಿಲ್ಲ; ಆಗುಂಬೆಗೋ ಇಂದಿಗೂ ರೈಲಿಲ್ಲ. ಆದ್ದರಿಂದ ನಿಲ್ದಾಣವನ್ನು ಹೊಸನಗರ ತಾಲ್ಲೂಕಿನ ಅರಸಾಳಿನಲ್ಲಿ ಚಿತ್ರೀಕರಿಸಿದರು. ಈಗ ಆ ಹಳೆಯ ನಿಲ್ದಾಣದ ಕಟ್ಟಡ ಮಾಲ್ಗುಡಿಯ ಹೆಸರಿನ ವಸ್ತುಸಂಗ್ರಹಾಲಯವಾಗಿದೆ. ಅರಸಾಳಿನಲ್ಲಿ ರೈಲಿನಿಂದ ಇಳಿದವನು ಮುಂದಿನ ಶಾಟಿನಲ್ಲಿ ಆಗುಂಬೆಯ ಬೀದಿಯಲ್ಲಿ ನಡೆಯುತ್ತಾನೆ; ನಡುವಿನ ಕಾಡು, ಗುಡ್ಡಗಳೆಲ್ಲ ಸಂಕಲನದ ಮೇಜಿನ ಮೇಲೆ ಮಾಯವಾಗುತ್ತವೆ. ಎರಡು ಊರನ್ನು ಹೊಲಿದು ಮೂರನೆಯ ಊರು ಮಾಡಿ, 39 ಕಂತುಗಳ ಉದ್ದಕ್ಕೂ ಹೊಲಿಗೆ ಕಾಣದಂತೆ ಕಾಯುವುದು ಒಂದು ಸಿನಿಮಾದಲ್ಲಿ ಎದುರಾಗುವ ಸವಾಲೇ ಅಲ್ಲ. ಸಿನಿಮಾದಲ್ಲಿ ಊರು ಎರಡೂವರೆ ಗಂಟೆ ಉಳಿದರೆ ಸಾಕು.

ನಾನು ಆಗ ಹೈಸ್ಕೂಲಿನಲ್ಲಿದ್ದೆ. ನಮ್ಮ ಓಣಿಯಲ್ಲಿ ಟೀವಿ ಇದ್ದದ್ದು ಎರಡು ಮನೆಯಲ್ಲಿ. ಹೆಂಚಿನ ಮಾಡು ಹತ್ತಿ ಆಂಟೆನಾ ತಿರುಗಿಸುವುದು ನನ್ನ ಪಾಲಿನ ಕೆಲಸ. ‘ಬಂತಾ?’ ‘ಬಂತು, ಹೋಯ್ತು, ಇನ್ನಷ್ಟು ಬಲಕ್ಕೆ’ ಎಂಬ ಕೂಗಾಟದಲ್ಲಿ ಶೀರ್ಷಿಕೆ ಗೀತೆಯನ್ನು ಮಾಡಿನ ಮೇಲಿಂದಲೇ ಕೇಳಿದ್ದೇ ಹೆಚ್ಚು. ಇಷ್ಟಾದರೂ ಒಂದು ಕಂತು ಪೂರ್ತಿ ನೆನಪಿದೆ. ತಿಂಗಳಿಗೆ ನಲವತ್ತು ರೂಪಾಯಿಯ ಗುಮಾಸ್ತನೊಬ್ಬ ಮಗಳನ್ನು ಸಂಜೆ ಸಿನಿಮಾಕ್ಕೆ ಕರೆದೊಯ್ಯುವುದಾಗಿ ಮಾತು ಕೊಡುತ್ತಾನೆ. ಕಚೇರಿಯಲ್ಲಿ ಬಿಡುವುದಿಲ್ಲ. ರೋಸಿಹೋಗಿ ರಾಜೀನಾಮೆ ಬರೆಯುತ್ತಾನೆ. ಅಷ್ಟರಲ್ಲಿ ಐದು ರೂಪಾಯಿ ಬಡ್ತಿ ಸಿಕ್ಕಿದ್ದು ತಿಳಿದು ಆ ಕಾಗದವನ್ನು ಹರಿದುಹಾಕಿ ಮತ್ತೆ ಕೆಲಸಕ್ಕೆ ಕೂರುತ್ತಾನೆ. ಮನೆಗೆ ಬರುವ ಹೊತ್ತಿಗೆ ಮಗು ಹೊರಡಲು ಹಾಕಿಕೊಂಡಿದ್ದ ಬಟ್ಟೆಯಲ್ಲೇ ನಿದ್ದೆ ಹೋಗಿರುತ್ತದೆ. ಈ ಗುಮಾಸ್ತನ ಪಾತ್ರ ವಹಿಸಿದವರು ವಿಷ್ಣುವರ್ಧನ್. ಚಿತ್ರಮಂದಿರದಲ್ಲಿ ಅವರು ತೆರೆಗೆ ಬಂದರೆ ಸಿಳ್ಳೆ ಬೀಳುತ್ತಿದ್ದ ಕಾಲ. ಅಂಥ ನಟನನ್ನು ಸಿಳ್ಳೆಯ ಹಂಗಿಲ್ಲದ ನಡುಮನೆಗೆ ತಂದು, ಫೈಲುಗಳ ಹಿಂದೆ ಕೂರಿಸಿ, ಅರ್ಧ ಗಂಟೆಯೊಳಗೆ ಕಥೆ ಮುಗಿಸಿದ್ದಾರೆ. ಇದಕ್ಕೆ ಹಾಡು ಬೇಡ, ಉಪಕಥೆ ಬೇಡ, ಮಧ್ಯಂತರ ಬೇಡ. ಇದೇ ಕಥೆಯನ್ನು ಎರಡೂವರೆ ಗಂಟೆಗೆ ಎಳೆದಿದ್ದರೆ ಕಚೇರಿಯ ಮೇಲಧಿಕಾರಿ ಖಳನಾಯಕನಾಗುತ್ತಿದ್ದ, ಕೊನೆಗೆ ಮಗು ಸಿನಿಮಾ ನೋಡಿಯೇ ನೋಡುತ್ತಿತ್ತು. ಅರ್ಧ ಗಂಟೆ ಎಂಬ ಕಟ್ಟು ಆ ಕಥೆಯನ್ನು ಉಳಿಸಿತು.

1987ರಲ್ಲಿ ಶಂಕರ್ ನಾಗ್ ಡಾ. ರಾಜ್‌ಕುಮಾರ್ ಅವರನ್ನು ನಾಯಕರನ್ನಾಗಿಟ್ಟುಕೊಂಡು ‘ಒಂದು ಮುತ್ತಿನ ಕಥೆ’ ಮಾಡಿದರು. ಕಡಲಿನ ಆಳದ ಚಿತ್ರೀಕರಣ ಆ ಕಾಲಕ್ಕೆ ಸಾಹಸವೇ. ಆದರೂ ಒಂದು ಮಾತು ಹೇಳುತ್ತೇನೆ, ಅಭಿಮಾನಿಗಳು ಕ್ಷಮಿಸಬೇಕು: ಆ ಮುತ್ತಿಗಿಂತ ಈ ಐದು ರೂಪಾಯಿಯ ಕಥೆಯಲ್ಲಿಯೇ ಶಂಕರ್ ನಾಗ್ ದೊಡ್ಡ ನಿರ್ದೇಶಕರಾಗಿ ನನಗೆ ಕಾಣುತ್ತಾರೆ. 1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಹತ್ತಿರ ಅಪಘಾತವಾದಾಗ ಅವರಿಗೆ 35 ವರ್ಷ.

ಅವರೊಬ್ಬರೇ ಎಂದು ತಮ್ಮ ಮನೆಯವರು ಹೇಳಬಹುದು. ಹಾಗಿಲ್ಲ. ಟಿ. ಎನ್. ಸೀತಾರಾಂ ಅವರ ‘ಮಾಯಾಮೃಗ’ ಧಾರಾವಾಹಿ ದೂರದರ್ಶನದಲ್ಲಿ ಬಂದದ್ದು 1998ರಲ್ಲಿ. ಅದರ ನಿರ್ದೇಶನದಲ್ಲಿ ಪಿ. ಶೇಷಾದ್ರಿ ಮತ್ತು ನಾಗೇಂದ್ರ ಶಾ ಜತೆಗಿದ್ದರು. ಮುಂದೆ ಸೀತಾರಾಂ ನಮ್ಮ ಪಕ್ಕದ ಹಾಸನ ಜಿಲ್ಲೆಯ ಸಂತೇಶಿವರದವರಾದ ಎಸ್. ಎಲ್. ಭೈರಪ್ಪನವರ ಕಾದಂಬರಿಯಿಂದ ‘ಮತದಾನ’ ಚಿತ್ರ ಮಾಡಿದರು, ಶೇಷಾದ್ರಿ ‘ಮುನ್ನುಡಿ’ ಚಿತ್ರ ಮಾಡಿದರು. ಎರಡಕ್ಕೂ ರಾಷ್ಟ್ರ ಪ್ರಶಸ್ತಿ ಬಂದಿತು. ಸೀತಾರಾಂ ಮತ್ತೆ ಧಾರಾವಾಹಿಗೇ ಮರಳಿದರು, ಶೇಷಾದ್ರಿ ಸಿನಿಮಾದಲ್ಲಿ ಉಳಿದರು. ಒಂದೇ ಬಾಗಿಲಿನಿಂದ ಹೊರಟವರು ಎರಡು ದಾರಿ ಹಿಡಿದರು, ಯಾರೂ ಕೊಳೆಯಲಿಲ್ಲ. ಎದುರು ದಿಕ್ಕಿನ ಪಯಣವೂ ಉಂಟು. 1977ರ ‘ಘಟಶ್ರಾದ್ಧ’ಕ್ಕೆ ಅತ್ಯುತ್ತಮ ಚಿತ್ರದ ರಾಷ್ಟ್ರ ಪ್ರಶಸ್ತಿಯಾದ ಸ್ವರ್ಣಕಮಲ ಪಡೆದ ಗಿರೀಶ್ ಕಾಸರವಳ್ಳಿ, ನಮ್ಮ ಮೂಡಿಗೆರೆಯ ತೇಜಸ್ವಿಯವರ ಕಥೆಯಿಂದ ‘ತಬರನ ಕಥೆ’ ಮಾಡಿ ಮತ್ತೊಮ್ಮೆ ಸ್ವರ್ಣಕಮಲ ಪಡೆದವರು, ಬಹಳ ವರ್ಷಗಳ ಮೇಲೆ ಭೈರಪ್ಪನವರ ‘ಗೃಹಭಂಗ’ವನ್ನು ಧಾರಾವಾಹಿಯಾಗಿ ತೆಗೆದರು. ಅದರ ನಾಯಕಿ ನಂಜಮ್ಮನ ಕಷ್ಟಗಳು ಒಂದರ ಹಿಂದೆ ಒಂದು ಬರುವುದು ದಿನಗಳ ಲೆಕ್ಕದಲ್ಲಿ. ಅದನ್ನು ವಾರಗಟ್ಟಲೆ ನೋಡುವುದೇ ಸರಿ. ಇನ್ನು ‘ಮಾಲ್ಗುಡಿ ಡೇಸ್’ನ ಬಾಲಕ ಸ್ವಾಮಿಯ ತಾಯಿಯಾಗಿ ನಟಿಸಿದ್ದ ವೈಶಾಲಿ ಕಾಸರವಳ್ಳಿ ಮುಂದೆ ‘ಮೂಡಲ ಮನೆ’ ಧಾರಾವಾಹಿಯನ್ನು ನಿರ್ದೇಶಿಸಿದರು.

ಈಗ ಮೊಮ್ಮಗನ ವಿಚಾರ. ಇಲ್ಲಿ ತಮಗೆ ಪೂರ್ತಿ ಹಿತವಾಗುವ ಮಾತನ್ನು ಹೇಳಲಾರೆ. 1986ರ ಧಾರಾವಾಹಿ ಬೇರೆ, ಇಂದಿನ ದಿನದ ಧಾರಾವಾಹಿ ಬೇರೆ. ಅಂದು ಕಂತುಗಳಿಗೆ ಕೊನೆ ಇತ್ತು. ಇಂದು ನೋಡುಗರ ಸಂಖ್ಯೆಯನ್ನು ಅಳೆಯುವ ಟಿಆರ್‌ಪಿ ಇರುವವರೆಗೆ ಕಥೆಗೆ ಕೊನೆ ಇಲ್ಲ, ಅದು ಬಿದ್ದ ವಾರ ಕಥೆಗೆ ಆಯುಷ್ಯವಿಲ್ಲ. ಸೋಮವಾರದಿಂದ ಶುಕ್ರವಾರದವರೆಗೆ ಪ್ರಸಾರವಾಗಬೇಕಾದರೆ ತಂಡ ಹೆಚ್ಚುಕಡಿಮೆ ದಿನಕ್ಕೊಂದು ಕಂತು ತೆಗೆಯಲೇಬೇಕು. ಹಲವು ಕಡೆ ಸಂಭಾಷಣೆಯ ಹಾಳೆ ಬೆಳಿಗ್ಗೆ ಸೆಟ್ಟಿಗೆ ಬರುತ್ತದೆ, ಕಲಾವಿದರಿಗೆ ಮಾತು ಹೇಳಿಕೊಡುವ, ಅಂದರೆ ಪ್ರಾಂಪ್ಟಿಂಗ್ ಮಾಡುವ ಹುಡುಗನೇ ಅದನ್ನು ಮೊದಲು ಓದುವವನು. ಶೀರ್ಷಿಕೆಯಲ್ಲಿ ಹೆಸರು ಬರುವ ಪ್ರಧಾನ ನಿರ್ದೇಶಕರು ಬೇರೆ, ಸೆಟ್ಟಿನಲ್ಲಿ ನಿಂತು ದುಡಿಯುವ ಎಪಿಸೋಡ್ ಡೈರೆಕ್ಟರ್ ಬೇರೆ. ಕಥೆ ಎತ್ತ ತಿರುಗಬೇಕೆಂದು ಹೇಳುವುದು ವಾಹಿನಿಯ ಕಚೇರಿ. ತಮ್ಮ ಮನೆಯವರ ಅಂಜಿಕೆಗೆ ಬುಡವಿಲ್ಲದಿಲ್ಲ.

ಆದರೂ ಒಂದು ಸಂಗತಿ ಹೇಳಬೇಕು. ಕೆಲವು ವರ್ಷಗಳ ಹಿಂದೆ ಕೈಮರ ದಾಟಿ ಮುಳ್ಳಯ್ಯನಗಿರಿಯ ಕಡೆಗೆ ಹೋಗುವ ರಸ್ತೆಯ ತೋಟದ ಮನೆಯೊಂದರಲ್ಲಿ ಧಾರಾವಾಹಿಯ ಚಿತ್ರೀಕರಣ ನಡೆದಿತ್ತು, ವರದಿಗೆಂದು ಹೋಗಿದ್ದೆ. ಕಾಫಿ ಒಣಗಿಸುವ ಕಣದಲ್ಲಿ ಅತ್ತೆ ಸೊಸೆಯರ ಮಾತುಕತೆ. ಅರ್ಧ ದೃಶ್ಯ ಎಳೆ ಬಿಸಿಲಿನಲ್ಲಿ ಮುಗಿಯಿತು. ಸೊಸೆಯ ಕಡೆಯ ಕ್ಲೋಸಪ್‌ಗಳಿಗೆಂದು ಕ್ಯಾಮೆರಾ ತಿರುಗಿಸುವಷ್ಟರಲ್ಲಿ ಮಂಜು ಇಳಿದು ಹತ್ತು ಮಾರು ದೂರದ ಸಿಲ್ವರ್ ಮರಗಳೇ ಕಾಣದಾದವು. ಅತ್ತೆ ಬಿಸಿಲಲ್ಲಿ ಕೇಳಿದ್ದಕ್ಕೆ ಸೊಸೆ ಮಂಜಿನಲ್ಲಿ ಉತ್ತರ ಕೊಟ್ಟರೆ ಕಂಟಿನ್ಯುಟಿ ಕೆಟ್ಟಿತು. ಸಿನಿಮಾದವರಾಗಿದ್ದರೆ ಕಾಯುತ್ತಿದ್ದರು. ಅಲ್ಲಿನ ಎಪಿಸೋಡ್ ಡೈರೆಕ್ಟರ್ ಇನ್ನೂ ಹುಡುಗ, ಮೂವತ್ತು ದಾಟಿರಲಿಲ್ಲ, ಕಣದ ಅಂಚಿನಲ್ಲಿ ಎರಡು ನಿಮಿಷ ನಿಂತ. ಆಮೇಲೆ ಅತ್ತೆಯ ಬಾಯಲ್ಲಿ ಒಂದೇ ಮಾತು ಸೇರಿಸಿದ: ‘ಮಂಜು ಕವೀತು, ಕಾಫಿ ರಾಶಿ ಮಾಡಿಸು.’ ಸೊಸೆ ಉತ್ತರ ಕೊಡದೆ ತಿರುಗಿ ಮಂಜಿನೊಳಗೆ ನಡೆದಳು. ಬರೆದಿದ್ದ ಒಂದು ಪುಟ ಮಾತು ಹೋಯಿತು, ದೃಶ್ಯ ಮೊದಲಿಗಿಂತ ಗಟ್ಟಿಯಾಯಿತು. ಸೊಸೆಗೆ ಬೇಕಿದ್ದದ್ದು ಆ ಮೌನವೇ ಎಂದು ಮಂಜು ಬರುವವರೆಗೆ ಯಾರಿಗೂ ತೋಚಿರಲಿಲ್ಲ.

ಇಂಥ ನಿರ್ಧಾರವನ್ನು ದಿನಕ್ಕೆ ನಾಲ್ಕು ಸಲ ಮಾಡಬೇಕಾಗಿ ಬರುವ ಜಾಗ ಧಾರಾವಾಹಿಯ ಸೆಟ್ಟಲ್ಲದೆ ಇನ್ನೊಂದಿಲ್ಲ. ಸಿನಿಮಾ ತಂಡದ ಸಹಾಯಕ ವರ್ಷವೆಲ್ಲ ಕಳೆದು ಒಂದು ಚಿತ್ರ ನೋಡಿದರೆ ಪುಣ್ಯ. ಆದ್ದರಿಂದ ಹೋಗಲಿ ಎನ್ನುತ್ತೇನೆ, ಆದರೆ ವಾಹಿನಿಯ ಹೆಸರು ಕೇಳಿ ಅಲ್ಲ, ಎಪಿಸೋಡ್ ಡೈರೆಕ್ಟರ್ ಯಾರೆಂದು ಕೇಳಿ ಹೋಗಲಿ. ಮಂಜು ಬಂದಾಗ ಯೋಚಿಸುವವನ ಕೈಕೆಳಗೆ ಎರಡು ವರ್ಷ ಇರಲಿ. ಬರೀ ‘ಬೇಗ, ಬೇಗ’ ಎನ್ನುವವನಾದರೆ ಆರು ತಿಂಗಳಲ್ಲಿ ಬಿಟ್ಟುಬಿಡಲಿ. ಅಲ್ಲಿ ಕೊಳೆಯುವುದು ನಿಜ. ಸಂಬಳ ತಿಂಗಳಿಗೋ ದಿನಕ್ಕೋ, ಯಾವ ತಾರೀಖಿಗೆ ಕೈಸೇರುತ್ತದೆ ಎಂಬುದನ್ನೂ ಮೊದಲೇ ಬಾಯಿಬಿಟ್ಟು ಕೇಳಲಿ, ಸಂಕೋಚ ಬೇಡ.

ಕಳೆದ ಲೇಖನದಿಂದ ನಾನು ತೆಗೆದಿದ್ದ ಮೂರು ಪ್ಯಾರಾಗಳು ಮುಂದಿನ ಸಂಚಿಕೆಯಲ್ಲಿ ಪ್ರಕಟವಾಗುತ್ತವೆ. ಆಗುಂಬೆಯ ದೊಡ್ಡಮನೆಯ ಮುಂದೆ ಚಿತ್ರೀಕರಣದ ದಿನ ತಮ್ಮ ಯಜಮಾನರು ತೆಗೆದ ಫೋಟೋ ಒಂದಿದೆ, ಅದರಲ್ಲಿ ಶಂಕರ್ ನಾಗ್ ಇಲ್ಲ, ಬರೀ ಜಗಲಿ, ರಿಫ್ಲೆಕ್ಟರ್ ಹಿಡಿದ ಹುಡುಗ ಮತ್ತು ನೋಡಲು ನೆರೆದ ಜನ ಎಂದು ಬರೆದಿದ್ದೀರಿ. ಅದನ್ನು ಕಳುಹಿಸಿಕೊಡುವಿರಾ? ಆ ಪ್ಯಾರಾಗಳ ಪಕ್ಕದಲ್ಲಿ ಹಾಕುತ್ತೇವೆ. ಅಚ್ಚಾದ ಮರುದಿನವೇ ಸ್ಪೀಡ್ ಪೋಸ್ಟಿನಲ್ಲಿ ಹಿಂದಿರುಗಿಸುವ ಹೊಣೆ ನನ್ನದು.

— ಸಂಪಾದಕ