ಡಿಎನ್‌ಎ ವರದಿಗೆ ಕಾಯಬೇಕಿಲ್ಲ

ಅಕ್ಕಾ, ಗಂಡ ‘ಮಗು ನನ್ನದಲ್ಲ’ ಅಂತ ಹಣ ನಿಲ್ಲಿಸಿದ್ದಾರೆ, ಡಿಎನ್‌ಎ ಪರೀಕ್ಷೆ ಆಗುವ ತನಕ ಕಾಯಬೇಕಾ ಎಂದು ಕೇಳಿದ್ದೀರಿ. ಖಂಡಿತ ಕಾಯಬೇಡಿ. ಮದುವೆ ಉಳಿದಿರುವಾಗ ಹುಟ್ಟಿದ ಮಗು ಗಂಡನದೇ ಎಂದು ಭಾರತೀಯ ಸಾಕ್ಷ್ಯ ಅಧಿನಿಯಮದ 116ನೇ ಕಲಂ ಹೇಳುತ್ತದೆ. ಅಲ್ಲ ಅನ್ನುವವರು, ಗರ್ಭ ನಿಂತ ಸಮಯದಲ್ಲಿ ಇಬ್ಬರೂ ಸೇರುವ ಅವಕಾಶವೇ ಇರಲಿಲ್ಲ ಎಂದು ತೋರಿಸಬೇಕು. ಸುಮ್ನೆ ಅನುಮಾನ ಸಾಲದು. ಕೇಳಿದ ಕೂಡಲೇ ಪರೀಕ್ಷೆಗೆ ಆದೇಶಿಸಬಾರದು ಎಂದು ಸುಪ್ರೀಂ ಕೋರ್ಟ್ 2023ರಲ್ಲೂ ಹೇಳಿದೆ. ಆದರೆ ಪರೀಕ್ಷೆ ಆಗಿಬಿಟ್ಟರೆ ವರದಿಗೇ ತೂಕ ಜಾಸ್ತಿ, ಅದೇ ಕೋರ್ಟಿನ 2014ರ ತೀರ್ಪು ಹಾಗಿದೆ. ಕೌಟುಂಬಿಕ ನ್ಯಾಯಾಲಯದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್) 144ನೇ ಕಲಂ ಅಡಿ ಜೀವನಾಂಶಕ್ಕೆ ಅರ್ಜಿ ಹಾಕಿ, ಜೊತೆಗೇ ಮಧ್ಯಂತರ ಜೀವನಾಂಶವನ್ನೂ, ಅಂದರೆ ಕೇಸು ಮುಗಿಯುವ ತನಕದ ಖರ್ಚಿನ ಹಣವನ್ನೂ, ಕೇಳಿ. ಈ ಮಧ್ಯಂತರ ಕೋರಿಕೆಯನ್ನು ಸಾಧ್ಯವಾದ ಮಟ್ಟಿಗೆ ಗಂಡನಿಗೆ ನೋಟಿಸ್ ತಲುಪಿದ 60 ದಿನದೊಳಗೆ ತೀರ್ಮಾನಿಸಬೇಕು. ಜನನ ಪ್ರಮಾಣಪತ್ರ, ಆಸ್ಪತ್ರೆ ಚೀಟಿ, ಆಗ ಒಟ್ಟಿಗಿದ್ದ ಮನೆಯ ಬಾಡಿಗೆ ಕರಾರು ಈಗಲೇ ತೆಗೆದಿಡಿ.