ಕಾಸರಗೋಡಿನ ನೆನಪಿಗೆ ಮುಖ ಬೇಕೇ?

(ಸಂಪಾದಕರ ಉತ್ತರ)

ಮಾನ್ಯರೇ,

ಕಾಸರಗೋಡಿನ ಹಿರಿಯರ ನೆನಪುಗಳನ್ನು ದಾಖಲಿಸುವ ಪ್ರಯೋಗಾತ್ಮಕ ಸಾಕ್ಷ್ಯಚಿತ್ರವೊಂದರ ಬಗ್ಗೆ ಕಳೆದ ಸಂಚಿಕೆಯಲ್ಲಿ ಬಂದ ಲೇಖನವನ್ನು ಓದಿ, ಚಿತ್ರವನ್ನೂ ನೋಡಿ, ತಾವು ಕುಂಬಳೆಯಿಂದ ಬರೆದ ಪತ್ರ ತಲುಪಿದೆ. 1956ರ ನವೆಂಬರ್ 1ರಂದು ತಾಲೂಕು ಕೇರಳಕ್ಕೆ ಸೇರಿದ್ದನ್ನೂ, ಚಂದ್ರಗಿರಿ ಹೊಳೆಯ ಉತ್ತರ ಭಾಗ ಕರ್ನಾಟಕಕ್ಕೆ ಸಲ್ಲಬೇಕೆಂದು 1967ರಲ್ಲಿ ಗಡಿ ವಿವಾದದ ಮಹಾಜನ ಆಯೋಗ ಶಿಫಾರಸು ಮಾಡಿದ್ದನ್ನೂ ಹೇಳದ ಚಿತ್ರ ಕಾಸರಗೋಡಿನದ್ದು ಹೇಗಾದೀತು, ಮಾತನಾಡುವವರ ಮುಖ ತೋರಿಸದಿದ್ದರೆ ಅದು ಸಾಕ್ಷ್ಯ ಹೇಗಾದೀತು, ಮಲಯಾಳ ಮಾತಿಗೆ ಅಷ್ಟು ಸಮಯವೇಕೆ ಎಂದು ಕೇಳಿದ್ದೀರಿ.

ಆಯೋಗದ ಮುಂದಿಡಬೇಕಾದ ವಾದವನ್ನು ನಮ್ಮ ಹಿರಿಯರು ಇಟ್ಟಾಗಿದೆ. ಕವಿ ಕಯ್ಯಾರ ಕಿಞ್ಞಣ್ಣ ರೈಗಳು ಬಾಳಿನುದ್ದಕ್ಕೂ ಅದಕ್ಕಾಗಿ ದುಡಿದರು. ವರದಿ, ಮನವಿಗಳು ಕಾಗದದಲ್ಲಿ ಉಳಿದಿವೆ. ಉಳಿಯದೆ ಹೋಗುತ್ತಿರುವುದು ಆ ದಿನಗಳನ್ನು ಕಂಡವರ ದನಿ. ಆಗ ಹತ್ತು ವರ್ಷದವರಾಗಿದ್ದವರು ಈಗ ಎಂಬತ್ತರ ಆಸುಪಾಸಿನಲ್ಲಿದ್ದಾರೆ.

ಒಣಗಿದ ಅಡಿಕೆ ಸುಲಿಯುವ ಅಜ್ಜಿಯ ಕೈಗಳಷ್ಟೇ ಕಾಣುವ ದೃಶ್ಯವನ್ನು ನೆನಪಿಸಿಕೊಳ್ಳಿ. ತಾವು ಕಲಿತ ಕನ್ನಡ ಶಾಲೆಯ ಸಂಗತಿಯನ್ನು ಅವರು ಹವ್ಯಕ ಕನ್ನಡದಲ್ಲಿ ಹೇಳುತ್ತಿರುತ್ತಾರೆ. ನಡುವೆ ಕೆಲಸಕ್ಕೆ ಬಂದವರಿಗೆ ತುಳುವಿನಲ್ಲಿ ಏನೋ ಸೂಚಿಸುತ್ತಾರೆ, ಬೇಲಿಯಾಚೆಯಿಂದ ಕರೆದವರಿಗೆ ಮಲಯಾಳದಲ್ಲಿ ಓಗೊಡುತ್ತಾರೆ, ಮತ್ತೆ ಶಾಲೆಗೆ ಮರಳಿದಾಗ ಮಾಷ್ಟ್ರ ಹೆಸರು ನೆನಪಾಗದೆ ಸುಮ್ಮನಾಗುತ್ತಾರೆ. ಕತ್ತಿಯ ಸದ್ದು ಮಾತ್ರ ಮುಂದುವರಿಯುತ್ತದೆ. ಸಂಕಲನದಲ್ಲಿ ಸುಲಭವಾಗಿ ತೆಗೆದುಹಾಕಬಹುದಾಗಿದ್ದ ಆ ಮೌನವನ್ನು ನಿರ್ದೇಶಕಿ ಉಳಿಸಿಕೊಂಡಿದ್ದಾರೆ. ಮುಖ ಕಂಡೊಡನೆ ಇವರು ಯಾವ ಮನೆತನ, ಯಾವ ಪಕ್ಷ ಎಂದು ಲೆಕ್ಕ ಹಾಕುವ ನಾವು, ಕೈಗಳನ್ನು ಮಾತ್ರ ಕಂಡಾಗ ಕಿವಿಗೊಟ್ಟು ಕೇಳುತ್ತೇವೆ. ಮರೆವೂ ಸಾಕ್ಷ್ಯದ ಭಾಗವಾಗುವುದು ಅಲ್ಲಿಯೇ ಎಂದು ನನ್ನ ದೃಢವಾದ ಅಭಿಪ್ರಾಯ.

ಈ ಹಾದಿ ಹೊಸದೂ ಅಲ್ಲ. ಠುಮ್ರಿ ಗಾಯಕಿ ಸಿದ್ಧೇಶ್ವರಿ ದೇವಿಯವರನ್ನು ಕುರಿತು ನಿರ್ದೇಶಕ ಮಣಿ ಕೌಲ್ 1989ರಲ್ಲಿ ಮಾಡಿದ ಚಿತ್ರವೂ ಹುಟ್ಟು, ಸಾಧನೆ, ಸಾವು ಎಂಬ ಕ್ರಮದಲ್ಲಿ ಸಾಗುವುದಿಲ್ಲ. ಅದನ್ನು ನಿರ್ಮಿಸಿದ್ದು ಸರಕಾರದ ಫಿಲ್ಮ್ಸ್ ಡಿವಿಜನ್.

ಮಲಯಾಳದ ಮಾತನ್ನು ಬಿಟ್ಟಿದ್ದರೆ ಚಿತ್ರ ಸುಳ್ಳಾಗುತ್ತಿತ್ತು. ಯಕ್ಷಗಾನ ಕವಿ ಪಾರ್ತಿಸುಬ್ಬನ ಊರಿನವರಾದ ತಾವು ಯಕ್ಷಗಾನದ ಆಟದ ಜೊತೆಗೆ ಭೂತಕೋಲವನ್ನೂ ಮಲಯಾಳಿಗರ ದೈವಾರಾಧನೆಯಾದ ತೆಯ್ಯದ ಕಳಿಯಾಟವನ್ನೂ ನೋಡಿಯೇ ಬೆಳೆದಿರುತ್ತೀರಿ. ಕನ್ನಡ ಶಾಲೆಗೆ ಕನ್ನಡ ಬಾರದ ಅಧ್ಯಾಪಕರನ್ನು ನೇಮಿಸಿದಾಗ ಗಡಿನಾಡ ಕನ್ನಡಿಗರು ಬೀದಿಗಿಳಿದದ್ದು ಆಡಳಿತದ ವಿರುದ್ಧ, ನೆರೆಮನೆಯವರ ವಿರುದ್ಧವಲ್ಲ.

ಇಷ್ಟಾದರೂ ತಮ್ಮ ಮೊದಲ ಆಕ್ಷೇಪದಲ್ಲಿ ನ್ಯಾಯವಿದೆ. 1956 ಮತ್ತು 1967ನ್ನು ತಿಳಿಸುವ ಎರಡು ಸಾಲು ಆರಂಭದಲ್ಲಿ ಇದ್ದಿದ್ದರೆ ಚಿತ್ರದ ಪ್ರಯೋಗಕ್ಕೆ ಯಾವ ಕುಂದೂ ಬರುತ್ತಿರಲಿಲ್ಲ. ಹೊರಗಿನ ನೋಡುಗರಿಗೆ ಅವು ಬೇಕೇ ಬೇಕು. ಹಳೆಯ ಫೋಟೋಗಳು ಯಾವ ಊರಿನವು, ಯಾವ ವರ್ಷದವು ಎಂಬುದೂ ಎಲ್ಲಿಯೂ ಇಲ್ಲ. ಮಾಹಿತಿ ಕೊಡಬಲ್ಲ ಹಿರಿಯರು ಇರುವಾಗಲೇ ಅದನ್ನು ಬರೆದಿಟ್ಟು ಚಿತ್ರದ ಕೊನೆಯಲ್ಲಿ ಸೇರಿಸಬೇಕೆಂದು ನಿರ್ದೇಶಕಿಯವರನ್ನು ಕೇಳಿಕೊಂಡಿದ್ದೇವೆ, ತಮ್ಮ ಪತ್ರದ ಪ್ರತಿಯನ್ನೂ ಅವರಿಗೆ ಕಳುಹಿಸಿದ್ದೇವೆ.

– ಸಂಪಾದಕ